ಒಂದು ಮೊಳ ಕೆಸರು ಬಿಡಿ

ಹೋದ ವರ್ಷ ನಮ್ಮ ವಾರಗಿತ್ತಿಯ ಹೊಸ ಮನೆಯ ಗೃಹಪ್ರವೇಶಕ್ಕೆಂದು ದೊಡ್ಡಬಳ್ಳಾಪುರಕ್ಕೆ ಹೋಗಿದ್ದೆ. ಮೂವತ್ತು-ನಲವತ್ತರ ಸೈಟಿನಲ್ಲಿ ಎರಡಂತಸ್ತಿನ ಮನೆ. ಗೇಟಿನಿಂದ ಹಿಡಿದು ಹಿಂದಿನ ಕಾಂಪೌಂಡಿನವರೆಗೆ ಬೆರಳೂರುವಷ್ಟು ಮಣ್ಣನ್ನೂ ಬಿಡದೆ ಕಲ್ಲು ಹಾಸಿದ್ದರು. ಬಾಗಿಲ ಮುಂದೆ ರಂಗೋಲಿಯೇನೋ ಇತ್ತು. ಬಗ್ಗಿ ನೋಡಿದರೆ ಅದು ಅಂಟಿಸಿದ ರಂಗೋಲಿ. ಗೋಡೆಯ ಮೇಲೆ ಬಣ್ಣ ಬಳಿದ ತಗಡಿನ ಚಿಟ್ಟೆಗಳು. ಅವುಗಳ ಕೆಳಗೆ ಕುಂಡಗಳಲ್ಲಿ ಪೆಂಟಾಸ್ ಗಿಡಗಳು ಕೆಂಪಗೆ ಹೂ ಬಿಟ್ಟಿದ್ದವು.

"ಅಕ್ಕಾ, ಹುಡುಕಿದ್ರೂ ಒಂದು ಚಿಟಿಕೆ ಮಣ್ಣು ಸಿಗಲ್ಲ ನೋಡಿ. ಪೈಪ್ ಹಿಡಿದ್ರೆ ಐದು ನಿಮಿಷಕ್ಕೆ ಎಲ್ಲಾ ಕ್ಲೀನು" ಎಂದಳು ವಾರಗಿತ್ತಿ. ಆಮೇಲೆ ಸ್ವಲ್ಪ ಸಪ್ಪಗಾಗಿ, "ಈ ಗಿಡ ಇಟ್ರೆ ಚಿಟ್ಟೆ ಬರುತ್ತೆ ಅಂತ ನರ್ಸರಿಯವನು ಹೇಳಿದ್ದ. ತಿಂಗಳಾಯ್ತು, ಒಂದಾದ್ರೂ ಬಂದು ಕೂತಿಲ್ಲ" ಎಂದಳು.

ಹೋಳಿಗೆ ಊಟ ಮಾಡಿದ ಮನೆಯಲ್ಲಿ ಹುಳುಕು ಹುಡುಕಬಾರದೆಂದು ಅವತ್ತು ಬಾಯಿ ಮುಚ್ಚಿಕೊಂಡು ಬಂದೆ. ಅವತ್ತು ಆಡದೆ ಉಳಿದ ಮಾತನ್ನು ಈಗ ಬರೆಯುತ್ತಿದ್ದೇನೆ. ಅವಳೂ ಓದುತ್ತಾಳೆ. ಓದಲಿ, ನನ್ನ ತಂಗಿಯ ಹಾಗಿರುವವಳು, ಸಿಟ್ಟು ಮಾಡಿಕೊಂಡರೂ ಯುಗಾದಿಯ ಹೊತ್ತಿಗೆ ಇಳಿದೀತು.

ಹೂವಿದ್ದರೆ ಸಾಕು, ಚಿಟ್ಟೆ ಬರುತ್ತದೆ ಎಂದು ನಾವೆಲ್ಲ ನಂಬಿದ್ದೇವೆ. ನಾನೂ ಇಪ್ಪತ್ತೈದು ವರ್ಷ ಮಕ್ಕಳಿಗೆ ಹಾಗೆಯೇ ಹೇಳಿದವಳು. ಬೇಂದ್ರೆಯವರ ಪಾತರಗಿತ್ತಿಯ ಪದ್ಯವನ್ನು ಬಾಯಿಪಾಠ ಮಾಡಿಸಿದ್ದೇನೆ, ಚಾರ್ಟಿನ ಮೇಲೆ ಹೂವಿನ ಪಕ್ಕ ಚಿಟ್ಟೆ ಬರೆಸಿದ್ದೇನೆ. ಚಿಟ್ಟೆಯ ಪಕ್ಕ ಕೆಸರು ಬರೆಯಿರಿ ಎಂದು ಒಂದು ಮಗುವಿಗೂ ಹೇಳಲಿಲ್ಲ. ಹೇಳಿದ್ದರೆ ಮಕ್ಕಳ ತಾಯಂದಿರು ನನಗೆ ತಲೆ ಕೆಟ್ಟಿದೆ ಎನ್ನುತ್ತಿದ್ದರೋ ಏನೋ!

ಹೂವಿನಲ್ಲಿರುವುದು ಸಕ್ಕರೆಯ ನೀರು. ಅದು ಹಾರಾಟದ ಶಕ್ತಿಗೆ ಆಯಿತು. ಉಪ್ಪು ಎಲ್ಲಿಂದ ಬರಬೇಕು? ಮರಿಹುಳುವಾಗಿದ್ದಾಗ ತಿಂದ ಎಲೆಯಲ್ಲಿ ಉಪ್ಪಿನಂಶ ತೀರಾ ಕಡಿಮೆ, ಹೂವಿನ ರಸದಲ್ಲೂ ಅಷ್ಟಕ್ಕಷ್ಟೆ. ಅದಕ್ಕೇ ಚಿಟ್ಟೆಗಳು ಒದ್ದೆ ಮಣ್ಣು, ಹೊಳೆಯಂಚಿನ ಮರಳು, ಸಗಣಿ, ದನದ ಗಂಜಲ ಬಿದ್ದ ನೆಲ, ಕೊಳೆತ ಹಣ್ಣು ಇಂಥವುಗಳ ಮೇಲೆ ಗುಂಪುಗುಂಪಾಗಿ ಇಳಿದು, ಸುರುಳಿ ಸುತ್ತಿಟ್ಟ ಸೊಂಡಿಲನ್ನು ಬಿಚ್ಚಿ ತೇವ ಹೀರುತ್ತವೆ. ಉಪ್ಪಿನ ಜೊತೆಗೆ ಸಾರಜನಕದ ಅಂಶಗಳೂ ಅದರಲ್ಲಿ ಸಿಗುತ್ತವೆ. ಉಪ್ಪಿಗಿಂತ ರುಚಿಯಿಲ್ಲ ಎಂದು ನಮ್ಮ ಹಿರಿಯರು ಹೇಳಿದ್ದು ನಮ್ಮೊಬ್ಬರಿಗೇ ಅಲ್ಲ ಅನ್ನಿಸುತ್ತದೆ.

ಇದರಲ್ಲೊಂದು ಸ್ವಾರಸ್ಯವಿದೆ. ಹೀಗೆ ಕೆಸರಿಗೆ ಇಳಿಯುವವುಗಳಲ್ಲಿ ಬಹುಪಾಲು ಗಂಡು ಚಿಟ್ಟೆಗಳು. ನಮ್ಮೂರಿನ ಗಂಡಸರು ಸಂಜೆ ಬಸ್ ನಿಲ್ದಾಣದ ಅರಳೀಕಟ್ಟೆಯ ಹತ್ತಿರ ಸೇರುವ ಹಾಗೆ ಇವೂ ಸೇರುತ್ತವೆ. ಆದರೆ ಇವು ಬರಿಗೈಯಲ್ಲಿ ಮನೆಗೆ ಹೋಗುವುದಿಲ್ಲ. ಕೂಡುವ ಕಾಲದಲ್ಲಿ ಆ ಉಪ್ಪಿನಂಶ ಹೆಣ್ಣಿಗೆ ಹೋಗುತ್ತದೆ, ಹೆಣ್ಣು ಅದನ್ನು ಮೊಟ್ಟೆಗಳಿಗೆ ಕೊಡುತ್ತದೆ. ಅಮೆರಿಕದ ಕಾರ್ನೆಲ್ ವಿಶ್ವವಿದ್ಯಾಲಯದ ಸ್ಮೆಡ್ಲಿ ಮತ್ತು ಐಸ್ನರ್ ಎಂಬ ಇಬ್ಬರು ಗ್ಲುಫಿಸಿಯ ಎಂಬ ಪತಂಗವನ್ನು ಕಾದು ಕುಳಿತು ನೋಡಿ 1995 ಮತ್ತು 1996ರಲ್ಲಿ ಈ ವಿಷಯ ಪ್ರಕಟಿಸಿದರು. ಆ ಗಂಡು ಪತಂಗ ಗಂಟೆಗಟ್ಟಲೆ ನೀರು ಹೀರಿ, ಉಪ್ಪನ್ನು ಮಾತ್ರ ಒಳಗಿಟ್ಟುಕೊಂಡು, ನೀರನ್ನು ಹಿಂದಿನಿಂದ ಪಿಚಕಾರಿಯ ಹಾಗೆ ಚಿಮ್ಮಿಸಿಬಿಡುತ್ತದಂತೆ. ಹೆಂಡತಿ ಮಕ್ಕಳಿಗೆಂದು ಉಪ್ಪು ಹೊತ್ತು ತರುವ ಗಂಡಸು! ಇದನ್ನು ನಮ್ಮ ಸ್ಟಾಫ್ ರೂಮಿನಲ್ಲಿ ಹೇಳಿದಾಗ ನಮ್ಮ ಹೆಂಗಸರು ನಕ್ಕಿದ್ದು ಹೊರಗಿನ ಮೈದಾನಕ್ಕೂ ಕೇಳಿಸಿತು.

ನಾನು ಬಿ.ಎ. ಓದಿದವಳು, ಕನ್ನಡ ಮತ್ತು ಸಮಾಜ ಹೇಳಿಕೊಡುವವಳು. ವಿಜ್ಞಾನ ನನ್ನ ವಿಷಯವಲ್ಲ. ಇವೆಲ್ಲ ಗೊತ್ತಾದದ್ದು ಒಂದು ತಪ್ಪು ಮಾಡಿದ ಮೇಲೆ. ಆ ತಪ್ಪಿನ ಕತೆಗೆ ಬರುತ್ತೇನೆ. ಅದಕ್ಕೆ ಮೊದಲು ನಮ್ಮಮ್ಮನ ವಿಷಯ ಸ್ವಲ್ಪ ಹೇಳಬೇಕು.

ನಮ್ಮಮ್ಮ ಬೆಳಗಿನ ಜಾವಕ್ಕೆ ಎದ್ದು ಅಂಗಳ ಗುಡಿಸಿ, ಬಕೆಟ್ಟಿನಲ್ಲಿ ಸಗಣಿ ಕದಡಿ, ಅಂಗೈಯಲ್ಲಿ ಮೊಗೆದು ಮೊಗೆದು ನೆಲಕ್ಕೆ ಚಿಮುಕಿಸುತ್ತಿದ್ದಳು. ಆಮೇಲೆ ರಂಗೋಲಿ. ಹಿತ್ತಲಿನಲ್ಲಿ ಬಚ್ಚಲ ನೀರು ಬಾಳೆಯ ಬುಡಕ್ಕೆ ಹರಿಯುತ್ತಿತ್ತು. ಪಾತ್ರೆ ಬೆಳಗುತ್ತಿದ್ದದ್ದು ಒಲೆಯ ಬೂದಿ ಹುಣಸೆಹಣ್ಣಿನಲ್ಲಿ, ತಲೆಗೆ ಸೀಗೆಪುಡಿ. ಆ ನೀರು ಹರಿದ ಕಡೆ ನೆಲ ಯಾವಾಗಲೂ ತಣ್ಣಗೆ ಕಪ್ಪಗೆ ಇರುತ್ತಿತ್ತು. ಕೊಟ್ಟಿಗೆಯ ಗಂಜಲದ ಕಾಲುವೆಯೂ ಅದೇ ಕಡೆಗೆ. ಬಿಸಿಲು ಏರಿ ಎಂಟು ಒಂಬತ್ತು ಗಂಟೆಯಾಗುವಾಗ ಅಲ್ಲಿ ಹಳದಿ ಚಿಟ್ಟೆಗಳು ಮುತ್ತಿಕೊಂಡಿರುತ್ತಿದ್ದವು. ನಾವು ಮಕ್ಕಳು ಓಡಿ ನಡುವೆ ಕಾಲಿಟ್ಟರೆ ನೆಲವೇ ಎದ್ದು ಹಾರಿದ ಹಾಗೆ ಆಗುತ್ತಿತ್ತು. ಅಮ್ಮ ಒಳಗಿನಿಂದ "ಪಾಪ, ಅವಕ್ಕೆ ನೀರು ಕುಡಿಯೋಕೆ ಬಿಡ್ರೇ" ಎಂದು ಗದರುತ್ತಿದ್ದಳು.

ಆ ಸಗಣಿ ನೀರು ಚಿಮುಕಿಸುವುದೂ ಬಚ್ಚಲ ನೀರು ಬಾಳೆಗೆ ಬಿಡುವುದೂ ಚಿಟ್ಟೆಗಾಗಿ ಅಲ್ಲ, ನಿಜ. ಆದರೆ ಹಳ್ಳಿಹಳ್ಳಿಯ ಮನೆಮನೆಯ ಹೆಂಗಸರು ದಿನವೂ ಬೆಳಗ್ಗೆ ತಮಗೇ ಗೊತ್ತಿಲ್ಲದ ಹಾಗೆ ಚಿಟ್ಟೆಗೆ ಉಪ್ಪಿನ ಎಲೆ ಹಾಕುತ್ತಿದ್ದರು. ಈಗ ಊರ ತುಂಬ ಚಿಟ್ಟೆ ಪಾರ್ಕು ಮಾಡಿ ಎಂದು ಭಾಷಣ ಮಾಡುವವರಿಗೆ ಈ ಲೆಕ್ಕ ಹೊಳೆಯುವುದಿಲ್ಲ. ಹಾಕುತ್ತಿದ್ದವರೂ ನಾವೇ. ಎಲೆ ಎತ್ತಿದವರೂ ನಾವೇ.

ಇಲ್ಲಿ ನಿಮ್ಮಲ್ಲಿ ಒಬ್ಬರಾದರೂ ಪುಸ್ತಕ ಮಡಿಚಿ ಕೇಳುತ್ತೀರಿ: "ಏನಮ್ಮಾ, ನಮ್ಮನ್ನ ಮತ್ತೆ ಸಗಣಿ ಬಾಚೋಕೆ ಕಳಿಸ್ತೀಯಾ?" ಖಂಡಿತ ಇಲ್ಲ. ನಮ್ಮಮ್ಮನ ಅಂಗೈ ಚಳಿಗಾಲದಲ್ಲಿ ಒಡೆದು ರಕ್ತ ಬರುತ್ತಿತ್ತು. ಅರವತ್ತಕ್ಕೆ ಸೊಂಟ ಬಾಗಿತು. ನಮ್ಮ ಮನೆಯ ಅಂಗಳಕ್ಕೆ ಸಿಮೆಂಟು ಹಾಕಿಸಿದ ದಿನ ಅವಳು ಅದರ ಮೇಲೆ ಬರಿಗಾಲಲ್ಲಿ ಅತ್ತಿಂದಿತ್ತ ನಾಲ್ಕು ಸಲ ಓಡಾಡಿದಳು. ಆ ಸಂತೋಷಕ್ಕೆ ಹೆಸರಿಡುವ ಯೋಗ್ಯತೆ ನನಗಿಲ್ಲ. ಸಿಮೆಂಟು ಹೆಂಗಸಿಗೆ ಬಿಡುವು ಕೊಟ್ಟಿದೆ. ನನ್ನ ಜಗಳ ಸಿಮೆಂಟಿನ ಮೇಲಲ್ಲ, ಕೊನೆಯ ಮೊಳಕ್ಕೂ ಸಿಮೆಂಟು ಹಾಕುವ ಹಟದ ಮೇಲೆ. ಶುಚಿ ಬೇರೆ, ಮಣ್ಣಿನ ಮೇಲಿನ ಹಗೆ ಬೇರೆ. ಓಡಾಡುವ ದಾರಿಗೆ ಕಲ್ಲು ಹಾಸಿ, ಗಾಡಿ ನಿಲ್ಲಿಸುವ ಕಡೆ ಹಾಸಿ, ಬಟ್ಟೆ ಒಗೆಯುವ ಕಡೆ ಹಾಸಿ. ಯಾರೂ ಕಾಲಿಡದ ಮೂಲೆಗೂ, ಕಾಂಪೌಂಡಿನ ಬುಡಕ್ಕೂ, ತೆಂಗಿನ ಮರದ ಕತ್ತಿನವರೆಗೂ ಹಾಸುವುದು ಯಾವ ಶುಚಿ? ಮಳೆಯ ನೀರು ಇಂಗುವುದಕ್ಕೂ ಜಾಗವಿಲ್ಲದೆ ರಸ್ತೆಗೆ ಹರಿದು ಮುಂದಿನ ಮನೆಯ ಹೊಸ್ತಿಲಿಗೆ ಹೋಗುತ್ತದೆ. ಆಮೇಲೆ ಆ ಮನೆಯವರ ಜೊತೆ ಜಗಳ.

ಇನ್ನು ನನ್ನ ತಪ್ಪಿನ ಕತೆ. ದೊಡ್ಡಬೆಳವಂಗಲದ ಕಡೆ ನಾನು ಪಾಠ ಹೇಳುವ ಶಾಲೆಯ ಹೆಸರು ಬೇಡ, ನನ್ನ ಸಹೋದ್ಯೋಗಿಗಳು ಒಳ್ಳೆಯವರು. ಶಾಲೆಯ ಹಿಂಭಾಗದಲ್ಲಿ ಬಿಸಿಯೂಟದ ತಟ್ಟೆ ತೊಳೆಯುವ ನಲ್ಲಿಗಳಿದ್ದವು. ಆ ನೀರು ಹರಿದು ಹೊಂಗೆ ಮರದ ಬುಡದಲ್ಲಿ ಒಂದು ಚಾಪೆಯಗಲ ನೆಲ ಒದ್ದೆಯಾಗಿರುತ್ತಿತ್ತು. ಅನ್ನದಗುಳು, ಸಾರಿನ ಉಪ್ಪು ಹುಳಿ ಎಲ್ಲ ಸೇರಿದ ಕೆಸರು. ದಿನಾ ಮಧ್ಯಾಹ್ನ ಅಲ್ಲಿ ಚಿಟ್ಟೆಗಳ ಸಂತೆ. ನಮಗೆ ಕಂಡದ್ದು ಮಾತ್ರ ಕೆಸರು. ಸೀರೆಯ ನೆರಿಗೆ ಹಾಳಾಗುತ್ತದೆ, ಮಕ್ಕಳು ಜಾರುತ್ತಾರೆ, ನೋಡಲು ಅಸಹ್ಯ. ಊರಿನ ಹಳೆಯ ವಿದ್ಯಾರ್ಥಿಯೊಬ್ಬರು ಇಂಟರ್‌ಲಾಕ್ ಹಾಸಿಸಿಕೊಡುತ್ತೇನೆ ಎಂದು ಮುಂದೆ ಬಂದರು. ಎಸ್‌ಡಿಎಂಸಿ ಸಭೆಯಲ್ಲಿ ಅವರಿಗೆ ಕೃತಜ್ಞತೆ ಹೇಳುವ ನಾಲ್ಕು ಸಾಲು ಬರೆದು ಓದಿದವಳು ನಾನೇ. ಗೊತ್ತುವಳಿಗೆ ಸಹಿ ಹಾಕಿದವಳೂ ನಾನೇ. ನೀರಿಗೆ ಪೈಪ್ ಹಾಕಿ ಚರಂಡಿಗೆ ಬಿಟ್ಟರು. ಹಿಂಭಾಗ ಅಂಗೈಯಂತಾಯಿತು.

ಮುಂದಿನ ಜೂನ್ 5ರ ಪರಿಸರ ದಿನಾಚರಣೆಗೆ ಅದೇ ಇಂಟರ್‌ಲಾಕಿನ ಮೇಲೆ ಎಂಟು ಹುಡುಗಿಯರಿಗೆ ಹಳದಿ ಕ್ರೇಪ್ ಕಾಗದದ ರೆಕ್ಕೆ ಕಟ್ಟಿ ಚಿಟ್ಟೆಯ ನೃತ್ಯ ಮಾಡಿಸಿದೆವು. ರೆಕ್ಕೆ ಹೊಲಿದದ್ದು ನಾನು. ಕಾರ್ಯಕ್ರಮ ಚೆನ್ನಾಗಿತ್ತು, ಫೋಟೋ ವಾಟ್ಸ್‌ಆಪ್‌ನಲ್ಲಿ ಊರೆಲ್ಲ ಸುತ್ತಿತು. ರೆಕ್ಕೆ ಬಿಚ್ಚಿಸುವಾಗ ಆರನೆಯ ಕ್ಲಾಸಿನ ಹುಡುಗಿಯೊಬ್ಬಳು ಹೊಂಗೆ ಮರದ ಕಡೆ ನೋಡುತ್ತ, "ಮಿಸ್, ಇಲ್ಲಿ ಬರ್ತಿದ್ವಲ್ಲ ನಿಜವಾದವು, ಅವು ಈಗ ಎಲ್ಲಿ ನೀರು ಕುಡೀತವೆ?" ಎಂದಳು.

ಅವಳು ಕೇಳಿದ್ದು ಸುಮ್ಮನೆ. ಆದರೆ ನನ್ನ ಬಾಯಿಂದ ಉತ್ತರ ಬರಲಿಲ್ಲ. ಮುಖ ತೊಳೆಯುವ ನೆಪ ಮಾಡಿಕೊಂಡು ಒಳಗೆ ಹೋದೆ. ಇಪ್ಪತ್ತೈದು ವರ್ಷದ ಸರ್ವಿಸಿನಲ್ಲಿ ಇನ್ಸ್‌ಪೆಕ್ಟರ ಮುಂದೆಯೂ ಅಷ್ಟು ನಾಚಿಕೆಪಟ್ಟಿರಲಿಲ್ಲ.

ಆಮೇಲೆಯೇ ನಮ್ಮ ವಿಜ್ಞಾನದ ಮೇಷ್ಟ್ರನ್ನು ಹಿಡಿದದ್ದು. ಅವರು 2000ರಲ್ಲಿ ಹೊರಬಂದ ಕೃಷ್ಣಮೇಘ ಕುಂಟೆಯವರ 'ಬಟರ್‌ಫ್ಲೈಸ್ ಆಫ್ ಪೆನಿನ್ಸುಲರ್ ಇಂಡಿಯಾ' ತಂದುಕೊಟ್ಟರು. ಇಂಗ್ಲಿಷ್ ಪುಸ್ತಕ. ನಿಘಂಟು ಪಕ್ಕದಲ್ಲಿಟ್ಟುಕೊಂಡು, ಕನ್ನಡಕ ಒರೆಸಿಕೊಂಡು, ಬೇಸಿಗೆ ರಜೆಯೆಲ್ಲ ಓದಿದೆ. ನಮ್ಮ ಹಿತ್ತಲಿನ ಹಳದಿ ಚಿಟ್ಟೆಗಳಿಗೆ ಗ್ರಾಸ್ ಯೆಲ್ಲೊ, ಎಮಿಗ್ರೆಂಟ್ ಎಂದೆಲ್ಲ ಹೆಸರಿದೆ ಎಂದು ಐವತ್ತು ದಾಟಿದ ಮೇಲೆ ಗೊತ್ತಾಯಿತು. ಎಮಿಗ್ರೆಂಟ್ ಮೊಟ್ಟೆ ಇಡುವುದು ಕಕ್ಕೆ ಮರದ ಎಲೆಯ ಮೇಲೆ. ಕರಿಬೇವು ನಿಂಬೆಗಳ ಮೇಲೆ ನಿಂಬೆ ಚಿಟ್ಟೆ, ಎಕ್ಕದ ಮೇಲೆ ಪ್ಲೇನ್ ಟೈಗರ್. ಅಂದರೆ ನಮ್ಮ ಸುತ್ತಮುತ್ತಲಿನ ಬೇಲಿಯ ಗಿಡಗಳೇ ಬಾಣಂತಿ ಕೋಣೆಗಳು. ಕರಿಬೇವಿನ ಎಲೆಯ ಮೇಲೆ ಹಕ್ಕಿಯ ಹಿಕ್ಕೆಯಂತೆ ಕಾಣುವ ಪುಟ್ಟ ಹುಳುವನ್ನು ನೋಡಿ ಔಷಧಿ ಹೊಡೆಯುತ್ತೇವಲ್ಲ, ಅದೇ ಮರಿ. ಮಗುವಿಗೆ ವಿಷ ಹಾಕಿ ತಾಯಿಗೆ ಪೆಂಟಾಸಿನ ಪಾನಕ ಇಟ್ಟರೆ ಯಾರು ಬರುತ್ತಾರೆ?

ನಮ್ಮ ಸೀಮೆಯಲ್ಲಿ ಒದ್ದೆ ನೆಲ ಮೊದಲೇ ದುರ್ಲಭ. ಕೊಳವೆಬಾವಿ ಸಾವಿರ ಅಡಿ ಇಳಿದರೂ ನೀರು ಸಿಕ್ಕೀತೆಂಬ ಭರವಸೆಯಿಲ್ಲ. ನಂದಿಯಲ್ಲಿ ಹುಟ್ಟಿ ದೊಡ್ಡಬಳ್ಳಾಪುರದ ಮೇಲೆ ಹೋಗುವ ಅರ್ಕಾವತಿ ನಾನು ಹುಡುಗಿಯಾಗಿದ್ದಾಗಲೇ ಮಳೆ ಬಂದರೆ ಹೊಳೆ, ಇಲ್ಲದಿದ್ದರೆ ಮರಳು ಎಂಬಂತಿತ್ತು. ದಾಬಸ್‌ಪೇಟೆಯ ಕಡೆಯ ರಸ್ತೆ ಅಗಲವಾದ ಮೇಲೆ ಬೇಲಿಯ ತಂಗಡಿ, ಎಕ್ಕ ಎಷ್ಟೋ ಕಡೆ ಹೋದವು. ಲಾರಿಗಳ ಗಾಜಿಗೆ ಬಡಿದು ಬಿದ್ದ ಹಳದಿ ಚಿಟ್ಟೆಗಳನ್ನು ಮಕ್ಕಳು ರಸ್ತೆಯಂಚಿನಿಂದ ಆಯ್ದು ತರುತ್ತಾರೆ. ಇಂಥ ಊರಿನಲ್ಲಿ ಮನೆಯ ನಲ್ಲಿಯ ಕೆಳಗಿನ ತೇವಕ್ಕೆ ಎಷ್ಟು ಬೆಲೆಯಿದೆ ನೋಡಿ.

ಇದಕ್ಕೆ ಬಂದ ಆಕ್ಷೇಪಣೆಗಳಲ್ಲಿ ಒಂದು ಮಾತ್ರ ನಿಜವಾಗಿ ತೂಕದ್ದು: ಸೊಳ್ಳೆ. ಅದನ್ನು ಎತ್ತಿದವಳು ನಮ್ಮೂರಿನ ಆಶಾ ಕಾರ್ಯಕರ್ತೆ. ಬಿಸಿಲಲ್ಲಿ ಮನೆಮನೆಗೆ ಹೋಗಿ ತೊಟ್ಟಿ, ಟೈರು, ತೆಂಗಿನ ಚಿಪ್ಪು ನೋಡಿ ಬರುವ ಹೆಣ್ಣುಮಗಳು. "ಮೇಡಂ, ನಾವು ನೀರು ನಿಲ್ಲಿಸಬೇಡಿ ಅಂತ ಗಂಟಲು ಹರ್ಕೊಳ್ತಾ ಇದೀವಿ. ನೀವು ಟೀಚರಾಗಿ ಕೆಸರು ಮಾಡಿ ಅಂತೀರಲ್ಲ" ಎಂದಳು. 2024ರಲ್ಲಿ ರಾಜ್ಯ ಸರಕಾರ ಡೆಂಗ್ಯೂವನ್ನು ಸಾಂಕ್ರಾಮಿಕ ರೋಗವೆಂದು ಘೋಷಿಸಿ, ಸೊಳ್ಳೆ ಬೆಳೆಯುವಂತೆ ನೀರು ನಿಲ್ಲಿಸಿದವರಿಗೆ ದಂಡ ಗೊತ್ತುಮಾಡಿತು, ಪಟ್ಟಣದ ಮನೆಗೆ 400 ರೂಪಾಯಿ, ಹಳ್ಳಿಯ ಮನೆಗೆ 200. ಆ ವರ್ಷ ನನ್ನ ಕ್ಲಾಸಿನಲ್ಲೇ ಜ್ವರ ಬಂದು ಮಲಗಿದ ಮಕ್ಕಳಿದ್ದರು. ಆದ್ದರಿಂದ ಅವಳ ಮಾತನ್ನು ನಾನು ತಳ್ಳಿಹಾಕಲಿಲ್ಲ.

ಆದರೆ ಸೊಳ್ಳೆಯ ಮರಿ ಈಜಬೇಕು. ಮೊಟ್ಟೆಯಿಂದ ರೆಕ್ಕೆ ಬರುವವರೆಗೆ ಅದಕ್ಕೆ ಒಂದು ವಾರ ಹತ್ತು ದಿನ ನಿಂತ ನೀರು ಬೇಕು. ಚಿಟ್ಟೆಗೆ ನಿಂತ ನೀರು ಬೇಡ. ಬಟ್ಟಲಿನಲ್ಲಿ ನೀರು ತುಂಬಿಟ್ಟರೆ ಅದು ಹತ್ತಿರವೂ ಸುಳಿಯುವುದಿಲ್ಲ, ಕೂರಲು ನೆಲವಿಲ್ಲವಲ್ಲ. ಅದಕ್ಕೆ ಬೇಕಾದದ್ದು ರೊಟ್ಟಿ ಹಿಟ್ಟಿನಷ್ಟು ತೇವ. ಒಂದು ಸೊಳ್ಳೆಗೆ ಬೇಕಾದದ್ದು ಇನ್ನೊಂದಕ್ಕೆ ಬೇಡ, ಇಷ್ಟು ಅಂತರ ಗೊತ್ತಿದ್ದರೆ ಎರಡೂ ಕೆಲಸ ಒಟ್ಟಿಗೇ ನಡೆಯುತ್ತವೆ. ಅವಳಿಗೆ ಕೈ ಹಾಕಿ ನೋಡೆಂದೆ. ಬೆರಳು ಊರಿ ನೋಡಿದಳು, ಒದ್ದೆಯಾಯಿತು, ನೀರು ಒಸರಲಿಲ್ಲ. "ಮಳೆ ಬಂದಾಗ?" ಎಂದಳು. ಒಳ್ಳೆಯ ಪ್ರಶ್ನೆ. ಮಳೆಗಾಲದಲ್ಲಿ ತಟ್ಟೆಯನ್ನು ಬಗ್ಗಿಸಿ ನೀರು ಚೆಲ್ಲಬೇಕು, ತಟ್ಟೆಯ ಬದಲು ನೆಲದಲ್ಲೇ ಮಾಡಿದ್ದರೆ ನೀರು ಇಂಗುವ ಹಾಗೆ ಕೆಳಗೆ ಮರಳು ಜಾಸ್ತಿ ಹಾಕಬೇಕು. ವಾರಕ್ಕೊಂದು ದಿನ ಮಗುಚಿ ಬಿಸಿಲಿಗೆ ಒಣಗಲು ಬಿಡಬೇಕು. ಅವಳು ಈಗ ಶುಕ್ರವಾರ ಬಂದಾಗ ಅದನ್ನೂ ನೋಡಿ ಹೋಗುತ್ತಾಳೆ. ನೋಡುವುದು ಮರಿಹುಳುವಿಗೋ ಚಿಟ್ಟೆಗೋ ನಾನು ಕೇಳಿಲ್ಲ.

"ಕುಡಿಯೋಕೇ ನೀರಿಲ್ಲ, ಚಿಟ್ಟೆಗೆ ನೀರಾ?" ಎನ್ನುವವರಿಗೆ ನನ್ನಲ್ಲಿ ಉತ್ತರವಿದೆ, ಸ್ವಲ್ಪ ಖಾರದ್ದು. ನಿಮ್ಮ ಅಡಿಗೆಮನೆಯಲ್ಲಿ ಆರ್‌ಓ ಫಿಲ್ಟರು ಇದೆಯಲ್ಲ, ಅದರ ಸಣ್ಣ ಪೈಪು ದಿನಾ ಸಿಂಕಿಗೆ ಎಷ್ಟು ಬಿಂದಿಗೆ ಬಿಡುತ್ತದೆ ಅಳೆದಿದ್ದೀರಾ? ಒಮ್ಮೆ ಬಕೆಟ್ ಇಟ್ಟು ನೋಡಿ. ನೆಲ ಒರೆಸುವುದಕ್ಕೆ ಬೇಕಾದರೆ ಬಳಸಿಕೊಳ್ಳಿ, ಅದರಲ್ಲಿ ಒಂದು ಚೊಂಬು ಮರಳಿಗೆ ಸಾಕು. ನೀರಿನ ಉಪ್ಪನ್ನೆಲ್ಲ ಸೋಸಿ ಹೊರಗೆ ಬಿಟ್ಟ ನೀರು ಅದು, ಚಿಟ್ಟೆಗೆ ಬೇಕಾದದ್ದೂ ಆ ಉಪ್ಪೇ. ಫಿಲ್ಟರಿಲ್ಲದ ಮನೆಯಲ್ಲಿ ಅಕ್ಕಿ ತೊಳೆದ ನೀರು, ತರಕಾರಿ ತೊಳೆದ ನೀರು. ಸೋಪಿನ ನೀರು ಮಾತ್ರ ಬೇಡ.

ಮಾಡುವುದು ಹೋಳಿಗೆಯಷ್ಟು ಕಷ್ಟದ ಕೆಲಸವೂ ಅಲ್ಲ. ಹೂಕುಂಡದ ಕೆಳಗಿಡುವ ಅಗಲವಾದ ಮಣ್ಣಿನ ತಟ್ಟೆ ತೆಗೆದುಕೊಳ್ಳಿ, ಒಂದು ಮೊಳದಷ್ಟು ಅಗಲ, ಮೂರು ಬೆರಳು ಆಳ. ಮರಳಿಗೆ ಕಾಲು ಭಾಗ ಮಣ್ಣು ಬೆರೆಸಿ, ಒಣಗಿದ ಸಗಣಿ ಪುಡಿ ಸಿಕ್ಕರೆ ಒಂದು ಹಿಡಿ, ಕಟ್ಟಿಗೆ ಬೂದಿ ಇದ್ದರೆ ಒಂದು ಚಮಚ, ಉಪ್ಪು ಒಂದೇ ಚಿಟಿಕೆ. ಹೆಚ್ಚು ಉಪ್ಪು ಹಾಕಿದರೆ ಹೆಚ್ಚು ಚಿಟ್ಟೆ ಬರುತ್ತದೆಂದು ನಾನು ಮೊದಲ ಸಲ ಒಂದು ಹಿಡಿ ಸುರಿದು ಪಕ್ಕದ ದೊಡ್ಡಪತ್ರೆಯ ಗಿಡವನ್ನೇ ಸಾಯಿಸಿದೆ. ನಡುವೆ ಎರಡು ಚಪ್ಪಟೆ ಕಲ್ಲು, ರೆಕ್ಕೆ ಕಾಯಿಸಿಕೊಳ್ಳುವುದಕ್ಕೆ. ಬೆಳಗಿನ ಬಿಸಿಲು ಬೀಳುವ, ಗಾಳಿ ಜೋರಾಗಿ ಹೊಡೆಯದ ಕಡೆ ಇಡಿ, ಹೂಗಿಡದ ಹತ್ತಿರವಾದರೆ ಇನ್ನೂ ಒಳ್ಳೆಯದು. ಬೆಕ್ಕು ಇರುವ ಮನೆಯವರು ಸುತ್ತ ಬಯಲು ಬಿಡಿ, ಅವಿತುಕೊಳ್ಳಲು ಪೊದೆ ಬೇಡ. ದಿನಾ ಬೆಳಗ್ಗೆ ನೀರು ಚಿಮುಕಿಸಿ. ಮಾಗಿ ಕಪ್ಪಾದ ಬಾಳೆಹಣ್ಣನ್ನು ಕಸಕ್ಕೆ ಎಸೆಯುವ ಬದಲು ಸಿಪ್ಪೆ ಸೀಳಿ ಅದರ ಅಂಚಿನಲ್ಲಿಟ್ಟರೆ ಸಕ್ಕರೆಗಿಂತ ಹಣ್ಣಿನ ರಸ ಮೆಚ್ಚುವ ಕಂದು ಬಣ್ಣದ ಚಿಟ್ಟೆಗಳೂ ಬಂದಾವು, ಇರುವೆಯೂ ಬಂದೀತು. ಮಾರನೆಯ ದಿನ ತೆಗೆದುಬಿಡಿ. ಬಾಲ್ಕನಿಯಲ್ಲೂ ಆಗುತ್ತದೆ, ಎರಡನೆಯ ಮಹಡಿಯವರೆಗೆ ಬಂದದ್ದನ್ನು ನಾನೇ ನೋಡಿದ್ದೇನೆ.

ಇಟ್ಟ ದಿನವೇ ಬರುತ್ತವೆಂದು ಕಾದು ಕೂರಬೇಡಿ. ನಮ್ಮ ಶಾಲೆಯಲ್ಲಿ ಮೂರು ವಾರ ಒಂದೂ ಬರಲಿಲ್ಲ. ಸ್ಟಾಫ್ ರೂಮಿನಲ್ಲಿ ನನಗೆ 'ಕೆಸರು ಮೇಡಂ' ಎಂದು ಹೆಸರೂ ಬಿತ್ತು. ಆಗ ಅದೇ ಆರನೆಯ ಕ್ಲಾಸಿನ ಹುಡುಗಿ ರಸ್ತೆಯಲ್ಲಿ ಬಿದ್ದಿದ್ದ ಸತ್ತ ಹಳದಿ ಚಿಟ್ಟೆ ಎರಡನ್ನು ತಂದು, ರೆಕ್ಕೆ ಮುರಿಯದ ಹಾಗೆ, ಮರಳಿನ ಮೇಲೆ ಕೂರಿಸಿದಳು. ನೆಲದ ಮೇಲೆ ತಮ್ಮವರು ಕೂತದ್ದು ಕಂಡರೆ ಹಾರುವವು ಇಳಿಯುತ್ತವೆ ಎಂದು ಆಮೇಲೆ ಓದಿದೆ. ಅವಳು ಓದಿರಲಿಲ್ಲ, "ಊಟಕ್ಕೆ ಯಾರಾದ್ರೂ ಮೊದಲು ಕೂತ್ರೆ ಮಿಕ್ಕೋರು ಕೂರ್ತಾರೆ ಮಿಸ್" ಎಂದಳು, ಅಷ್ಟೇ. ನಾಲ್ಕನೆಯ ದಿನ ಒಂದು ಇಳಿಯಿತು.

ಅಂದಹಾಗೆ, ಈ ಮೊಳದಗಲದ ಜಾಗಕ್ಕೆ ಶಾಲೆಯಲ್ಲಿ ಏನು ಮಾಡಿದೆವೆಂದು ಹೇಳಲಿಲ್ಲ. ಹಾಸಿದ ಇಂಟರ್‌ಲಾಕಿನಲ್ಲಿ ಹೊಂಗೆಯ ಬುಡದ ಕೆಲವು ಕಲ್ಲುಗಳನ್ನು ಕೀಳಿಸಿಕೊಡಿ ಎಂದು ಸಭೆಯಲ್ಲಿ ಕೇಳಿದೆ. ಸಹಿ ಹಾಕಿದವಳೇ ಕೀಳಿಸು ಎಂದರೆ ಯಾರಿಗೆ ಸಿಟ್ಟು ಬರುವುದಿಲ್ಲ? ಹಣ ಕೊಟ್ಟವರ ಮನಸ್ಸಿಗೆ ನೋವಾಗುತ್ತದೆ, ಮೇಲಿನವರು ಬಂದರೆ ಏನು ಹೇಳುವುದು, ಒಂದು ಕಲ್ಲು ಎದ್ದರೆ ಎಲ್ಲ ಏಳುತ್ತವೆ ಎಂದರು. ಕೊನೆಯ ಮಾತು ನಿಜ. ಅದಕ್ಕೆ ಸುತ್ತಲೂ ಸಿಮೆಂಟಿನ ಅಂಚು ಕಟ್ಟಿಸುತ್ತೇನೆ, ಖರ್ಚು ನನ್ನದು ಎಂದೆ. ಒಂದು ಗಂಟೆ ವಾದ. ಕಡೆಗೆ ಎಸ್‌ಡಿಎಂಸಿಯ ಹೆಣ್ಣು ಸದಸ್ಯೆಯೊಬ್ಬರು, ಓದು ಅಷ್ಟಾಗಿ ಬಾರದವರು, "ಅಯ್ಯೋ ಬಿಡ್ರಪ್ಪಾ, ನಾಕು ಕಲ್ಲು ತೆಗೆದ್ರೆ ಇಸ್ಕೂಲು ಬಿದ್ದೋಗಲ್ಲ" ಎಂದರು. ಅಲ್ಲಿಗೆ ಮುಗಿಯಿತು.

ದೂರದ ಚಿಟ್ಟೆಗೆ ನಾವು ಪಡುವ ಕಷ್ಟ ನೋಡಿದರೆ ನಗು ಬರುತ್ತದೆ. ಬನ್ನೇರುಘಟ್ಟದಲ್ಲಿ 2006ರಲ್ಲಿ ಚಿಟ್ಟೆಗಳ ಉದ್ಯಾನ ಆಯಿತು. ಒಳ್ಳೆಯ ಕೆಲಸ, ನಾವೂ ಮಕ್ಕಳನ್ನು ಪ್ರವಾಸ ಕರೆದುಕೊಂಡು ಹೋಗಿದ್ದೆವು. ಬೆಂಗಳೂರಿನ ಈ ತುದಿಯಿಂದ ಆ ತುದಿಗೆ, ಟ್ರಾಫಿಕ್ಕಿನಲ್ಲಿ ಎರಡು ಮಕ್ಕಳು ವಾಂತಿ ಮಾಡಿಕೊಂಡರು. ಅಲ್ಲಿ ಒಬ್ಬ ಹುಡುಗನ ಬೆವರಿದ ಮುಂಗೈ ಮೇಲೆ ಚಿಟ್ಟೆಯೊಂದು ಕೂತು ಸೊಂಡಿಲು ಚಾಚಿತು. ಅವನು ಹತ್ತು ನಿಮಿಷ ಉಸಿರು ಬಿಗಿಹಿಡಿದು ನಿಂತ. ಬೆವರಿನಲ್ಲಿ ಉಪ್ಪಿದೆಯಲ್ಲ, ಅದಕ್ಕೆ. ಮೂಡುಬಿದಿರೆಯ ಹತ್ತಿರ ಬೆಳುವಾಯಿಯಲ್ಲಿ ಸಮ್ಮಿಲನ್ ಶೆಟ್ಟಿಯವರು ಬಲೆಯೂ ಗಾಜೂ ಇಲ್ಲದೆ, ಗಿಡ ನೆಟ್ಟು ಚಿಟ್ಟೆಗಳು ತಾವಾಗಿ ಬರುವ ಹಾಗೆ ಒಂದು ತೋಟ ಮಾಡಿದ್ದಾರೆ. ನನಗೆ ಅದರ ದಾರಿಯೇ ಸರಿಯೆನಿಸುತ್ತದೆ. ಕೆಂಪು ಹಳದಿ ಬಾವುಟದ ಬಣ್ಣ ನೆನಪಿಸುವ ಸದರ್ನ್ ಬರ್ಡ್‌ವಿಂಗ್ ನಮ್ಮ ರಾಜ್ಯದ ಚಿಟ್ಟೆ ಎಂದು ಮಕ್ಕಳು ಕ್ವಿಜ್‌ನಲ್ಲಿ ಪಟ್ಟನೆ ಹೇಳುತ್ತಾರೆ. ಅದರ ತವರು ಪಶ್ಚಿಮ ಘಟ್ಟ. ನಮ್ಮ ಹಿತ್ತಲಿನ ಹಳದಿ ಚಿಟ್ಟೆಯ ಹೆಸರು ಕೇಳಿದರೆ ಮೇಷ್ಟ್ರಿಗೂ ಬಾರದು, ಮೇಡಮ್ಮಿಗೂ ಬಾರದು.

ವಾರಗಿತ್ತಿಗೆ ದೀಪಾವಳಿಗೆ ಸೀರೆಯ ಬದಲು ಮರಳು ತುಂಬಿದ ಮಣ್ಣಿನ ತಟ್ಟೆ ಕೊಟ್ಟು ಬಂದಿದ್ದೇನೆ. "ಏನಕ್ಕಾ ಇದು!" ಎಂದಳು. ಕಾರಿನ ಪಕ್ಕ ಇಟ್ಟಿದ್ದಳಂತೆ, ಮೈದುನರು ಬೂದಿ ಬಟ್ಟಲೆಂದು ತಿಳಿದು ಬೀಡಿ ಆರಿಸಿದರಂತೆ. ಈಗ ತಾರಸಿಗೆ ಹೋಗಿದೆ. ಮೊನ್ನೆ ಫೋನ್ ಮಾಡಿ, "ಅಕ್ಕಾ, ಉಪ್ಪು ಕಲ್ಲುಪ್ಪಾ ಪುಡಿ ಉಪ್ಪಾ?" ಎಂದು ಕೇಳಿದಳು. ಯಾವುದಾದರೂ ಸರಿ, ಚಿಟಿಕೆ ಮಾತ್ರ ಎಂದೆ.

ಶಾಲೆಯಲ್ಲಿ ಮಾತ್ರ ವಿಷಯ ಮುಗಿದಿಲ್ಲ. ಅಡಿಗೆಮನೆಯ ಹಿಂದೆ ಉಳಿದಿರುವ ಜಾಗಕ್ಕೂ, ಹೊಂಗೆಯ ಬುಡ ಸೇರಿಸಿ, ಕಾಂಕ್ರೀಟು ಹಾಕಿಸುವ ಅಂದಾಜುಪಟ್ಟಿ ಬಂದಿದೆ. ಶನಿವಾರ ಸಭೆ. ಕಾಗದ ನನ್ನ ಮೇಜಿನ ಮೇಲಿದೆ, ಸಹಿ ಹಾಕುವ ಜಾಗಕ್ಕೆ ಮುಖ್ಯೋಪಾಧ್ಯಾಯರು ಪೆನ್ಸಿಲಿನಲ್ಲಿ ಗುರುತು ಹಾಕಿ ಕಳಿಸಿದ್ದಾರೆ. ನಾನು ಅದರ ಮೇಲೆ ಹುಡುಗಿಯರು ಬರೆದ ಲೆಕ್ಕದ ಹಾಳೆ ಇಟ್ಟಿದ್ದೇನೆ. ಸೋಮವಾರ ನಾಲ್ಕು, ಮಂಗಳವಾರ ಏಳು, ಬುಧವಾರ ಮೋಡ, ಇಲ್ಲ. ಇವತ್ತು ಹನ್ನೊಂದು, ಅದರಲ್ಲಿ ನೀಲಿದು ಒಂದು, ಹೆಸರು ಗೊತ್ತಿಲ್ಲ ಎಂದು ಬರೆದಿದ್ದಾರೆ. ಬಿಡುವಿನಲ್ಲಿ ಪುಸ್ತಕ ತೆಗೆದು ನೋಡಬೇಕು.